ಮಡಿದವರ ನೆನಪು ಮತ್ತು ನಮ್ಮ ಸೀಮೆ

ಅಳಿದವರನ್ನು ನೆನೆಯುವ ರೀತಿಯಲ್ಲಿ ಒಂದು ಸಮಾಜದ ಸಂಸ್ಕೃತಿಯು ಸ್ಪಷ್ಟವಾಗಿ ಗೋಚರಿಸುತ್ತದೆ. ಅರಸರ ಸ್ಮರಣೆಗೆ ಗುಡಿಗೋಪುರಗಳೂ ತಾಮ್ರಪಟಗಳೂ ಚರಿತ್ರೆಯ ಪುಟಗಳೂ ಲಭಿಸುತ್ತವೆ. ಆದರೆ ಸಣ್ಣ ಸಮಾಜವೊಂದು, ಎಂದರೆ ಒಂದು ಊರು, ಒಂದು ಓಣಿ, ಒಂದೇ ಭಾಷೆಯನ್ನಾಡುವ ಕೆಲವು ನೂರು ಮನೆಗಳು, ತನ್ನವನೊಬ್ಬನನ್ನು ಕಳೆದುಕೊಂಡಾಗ ಅವನ ನೆನಪನ್ನು ಯಾವ ಉಪಾಯದಿಂದ ಕಾದುಕೊಳ್ಳುತ್ತದೆ? ಭಂಡಾರವಿಲ್ಲ, ಆಸ್ಥಾನಕವಿಯಿಲ್ಲ, ಅಧಿಕಾರವಿಲ್ಲ. ಇಷ್ಟಾದರೂ ಎಷ್ಟೋ ಅರಸರ ಹೆಸರು ಅಳಿಸಿಹೋಗಿರುವಲ್ಲಿ ಸಾಮಾನ್ಯನೊಬ್ಬನ ಹೆಸರು ಶತಮಾನಗಳನ್ನು ದಾಟಿ ಬಂದಿರುವುದುಂಟು. ಇದರ ಮರ್ಮವನ್ನು ನಮ್ಮ ಸೀಮೆಯ ಇತಿಹಾಸದಲ್ಲಿಯೇ ಹುಡುಕುವುದು ಈ ಲೇಖನದ ಉದ್ದೇಶ.

ಅಕ್ಕಲಕೋಟೆ ತಾಲೂಕಿನ ಕರಜಗಿಯಂತಹ ಗ್ರಾಮಗಳಲ್ಲಿ ಬಾಳುವ ನಮಗೆ ಇದು ಬರಿಯ ಪಾಂಡಿತ್ಯದ ವಿಷಯವಲ್ಲ. ಅಕ್ಕಲಕೋಟೆ ಸಂಸ್ಥಾನವು ೧೯೪೮ರಲ್ಲಿ ಮುಂಬಯಿ ಪ್ರಾಂತದಲ್ಲಿ ವಿಲೀನವಾಯಿತು. ೧೯೫೬ರಲ್ಲಿ ರಾಜ್ಯಗಳ ಪುನರ್ವಿಂಗಡಣೆಯಾಯಿತು. ೧೯೬೦ರ ಮೇ ೧ರಂದು ಮಹಾರಾಷ್ಟ್ರ ರಾಜ್ಯವು ಅಸ್ತಿತ್ವಕ್ಕೆ ಬಂದಿತು. ಆಡಳಿತದ ಗೆರೆಗಳು ಬದಲಾದಂತೆ ದಫ್ತರದ ಭಾಷೆ ಬದಲಾಗುತ್ತದೆ, ರಸ್ತೆಯ ಫಲಕ ಬದಲಾಗುತ್ತದೆ, ಮಕ್ಕಳ ಓದಿನ ದಾರಿಯೂ ಬದಲಾಗುತ್ತದೆ. ಆದರೆ ಅಳಿದವರು ತಮ್ಮ ಸ್ಥಳವನ್ನು ಬದಲಿಸುವುದಿಲ್ಲ. ಅವರ ಗದ್ದುಗೆ, ಅವರ ಸಮಾಧಿ, ಹೊಲದ ಬದುವಿನಲ್ಲಿ ನಿಲ್ಲಿಸಿದ ಕಲ್ಲು ಎಲ್ಲವೂ ಇದ್ದಲ್ಲಿಯೇ ಇರುತ್ತವೆ. ಅವರೊಡನೆ ಮಾತನಾಡುವ ಭಾಷೆ ನಮ್ಮಲ್ಲಿ ಉಳಿಯುವುದೇ ಇಲ್ಲವೇ ಎಂಬುದು ಪ್ರಶ್ನೆ.

ಕನ್ನಡ ನಾಡಿನಲ್ಲಿ ಮಡಿದವರಿಗಾಗಿ ಕಲ್ಲು ನಿಲ್ಲಿಸುವ ಪದ್ಧತಿ ಬಹು ಪ್ರಾಚೀನವಾದುದು. ಊರ ದನಗಳನ್ನು ಶತ್ರುಗಳು ಹೊಡೆದುಕೊಂಡು ಹೋಗುವಾಗ ಅಡ್ಡಗಟ್ಟಿ ಮಡಿದವನು, ಊರಳಿವಿನಲ್ಲಿ ಹೆಂಗಸರ ಮಾನಕ್ಕಾಗಿ ಪ್ರಾಣ ತೆತ್ತವನು, ಒಡೆಯನ ಯುದ್ಧದಲ್ಲಿ ಬಿದ್ದವನು, ಇಂಥವರಿಗೆಲ್ಲ ವೀರಗಲ್ಲುಗಳನ್ನು ನೆಡಿಸಿದರು. ಸಾಮಾನ್ಯವಾಗಿ ಈ ಕಲ್ಲಿನಲ್ಲಿ ಮೂರು ಅಂಕಣಗಳು ಇರುತ್ತವೆ. ಕೆಳಗಿನದರಲ್ಲಿ ಅವನು ಹೋರಾಡಿದ ದೃಶ್ಯ, ನಡುವಿನದರಲ್ಲಿ ಅಪ್ಸರೆಯರು ಅವನನ್ನು ಮೇಲಕ್ಕೊಯ್ಯುವ ದೃಶ್ಯ, ಮೇಲಿನದರಲ್ಲಿ ಅವನು ಶಿವಲಿಂಗದ ಸನ್ನಿಧಿಯಲ್ಲಿ ಕುಳಿತ ದೃಶ್ಯ. ಅದರ ಮೇಲೆ ಈ ಕೀರ್ತಿ ಆಚಂದ್ರಾರ್ಕವಾಗಿರಲೆಂದು ಸೂರ್ಯಚಂದ್ರರು. ಅಕ್ಷರವನ್ನರಿಯದ ದನಗಾಹಿಯೂ ಕೆಳಗಿನಿಂದ ಮೇಲಕ್ಕೆ ಕಣ್ಣಾಡಿಸಿ ಆ ಮನುಷ್ಯನ ಕಥೆಯನ್ನು ತಿಳಿಯಬಹುದು. ಮಹಾರಾಷ್ಟ್ರದಲ್ಲಿಯೂ ಇಂತಹ ಕಲ್ಲುಗಳು ಹೇರಳವಾಗಿವೆ. ಅವಕ್ಕೆ ಮರಾಠಿಯಲ್ಲಿ ‘ವೀರಗಳ’ ಎನ್ನುತ್ತಾರೆ. ಆ ಶಬ್ದದ ಕೊನೆಯ ಭಾಗವು ನಮ್ಮ ‘ಕಲ್ಲು’ ಎಂಬುದನ್ನು ವಾಚಕರು ಗಮನಿಸಬೇಕು. ಮಡಿದವರನ್ನು ನೆನೆಯುವ ಕಾರ್ಯದಲ್ಲಿ ಎರಡು ಭಾಷೆಗಳು ಒಂದೇ ಮಾತನ್ನು ಹಂಚಿಕೊಂಡಿವೆ.

ಆದರೆ ಕಲ್ಲು ನಿಲ್ಲಿಸಿದ ಮಾತ್ರಕ್ಕೆ ನೆನಪು ನಿಲ್ಲುವುದೆಂದು ನಮ್ಮ ಪೂರ್ವಿಕರು ಭಾವಿಸಿರಲಿಲ್ಲ. ಇದಕ್ಕೆ ಮಂಡ್ಯ ಜಿಲ್ಲೆಯ ಮದ್ದೂರು ತಾಲೂಕಿನ ಆತಕೂರಿನ ಶಾಸನವು ಸೊಗಸಾದ ನಿದರ್ಶನ. ಕ್ರಿ. ಶ. ೯೪೯-೫೦ರ ಸುಮಾರಿಗೆ, ರಾಷ್ಟ್ರಕೂಟ ಮೂರನೆಯ ಕೃಷ್ಣನ ಕಾಲದಲ್ಲಿ, ಗಂಗರ ಬೂತುಗನು ತನ್ನ ವೀರನಾದ ಮಣಲೇರನ ಪರಾಕ್ರಮಕ್ಕೆ ಮೆಚ್ಚಿ, ಬೇಕಾದುದನ್ನು ಬೇಡೆಂದನು. ಮಣಲೇರನು ಬೇಡಿದ್ದು ‘ಕಾಳಿ’ ಎಂಬ ಬೇಟೆಯ ನಾಯಿಯನ್ನು. ಆ ನಾಯಿಯು ಮುಂದೆ ಕಾಡುಹಂದಿಯೊಂದರೊಡನೆ ಹೋರಾಡಿತು. ಹಂದಿಯೂ ಸತ್ತಿತು, ನಾಯಿಯೂ ಸತ್ತಿತು. ಅದರ ನೆನಪಿಗಾಗಿ ಆತಕೂರಿನ ಚಲ್ಲೇಶ್ವರನ ಗುಡಿಯ ಮುಂದೆ ಕಲ್ಲು ನಿಲ್ಲಿಸಿ, ಭೂಮಿಯನ್ನು ದತ್ತಿ ಬಿಟ್ಟರು. ಇಷ್ಟಕ್ಕೆ ತೃಪ್ತರಾಗದೆ ಇನ್ನೊಂದು ಕಟ್ಟಳೆಯನ್ನೂ ಶಾಸನದಲ್ಲಿ ಬರೆಸಿದರು. ಆ ದತ್ತಿಯನ್ನು ಅನುಭವಿಸುವ ಗೊರವನು ಕಲ್ಲಿಗೆ ಪೂಜೆ ಸಲ್ಲಿಸದೆ ಉಂಡರೆ ನಾಯಿಯು ಮಾಡಿದ ಪಾಪವೆಲ್ಲ ಅವನಿಗೆ ತಟ್ಟತಕ್ಕದ್ದೆಂದು ಅದರ ತಾತ್ಪರ್ಯ.

ಓದುವಾಗ ಮುಗುಳ್ನಗೆ ಬರುವುದು ಸಹಜ. ಆದರೆ ಆ ಕಟ್ಟಳೆಯ ಹಿಂದಿರುವ ಲೋಕಾನುಭವವು ಗಂಭೀರವಾದುದು. ಕಲ್ಲು ತಾನಾಗಿ ಏನನ್ನೂ ನೆನೆಯಲಾರದು. ಅದರ ಮುಂದೆ ಒಬ್ಬನು ನಿಲ್ಲಬೇಕು. ಇಂತಹವನು ಎಂದು ಗೊತ್ತಾಗಿರಬೇಕು. ಇಂತಹ ಹೊತ್ತಿಗೆ ಎಂದು ನಿಶ್ಚಯವಾಗಿರಬೇಕು. ತಪ್ಪಿದರೆ ಮನಸ್ಸಿಗೆ ಅಳುಕು ಇರಬೇಕು. ಸಾವಿರ ವರ್ಷದ ಹಿಂದೆ ಒಂದು ನಾಯಿಯ ನೆನಪನ್ನು ಕಾಯಲು ನಮ್ಮವರು ಕಲ್ಲು, ಹೊಲ ಮತ್ತು ಹೊಣೆ ಎಂಬ ಮೂರನ್ನು ಕೂಡಿಸಿದರು. ಇವುಗಳಲ್ಲಿ ಹೊಣೆಯೇ ಮುಖ್ಯವಾದುದು. ಇದನ್ನು ನಮ್ಮ ಸೀಮೆಯ ಅತ್ಯಂತ ದೊಡ್ಡ ಸ್ಮರಣೆಯೇ ಸಿದ್ಧಪಡಿಸುತ್ತದೆ.

ಸೊಲ್ಲಾಪುರವೆಂದರೆ ಸೊನ್ನಲಿಗೆ, ಸೊನ್ನಲಿಗೆಯೆಂದರೆ ಸಿದ್ಧರಾಮ. ಹನ್ನೆರಡನೆಯ ಶತಮಾನದ ಈ ಶಿವಯೋಗಿಯು ಕೆರೆಯನ್ನು ತೋಡಿಸಿದನು, ಲಿಂಗಗಳನ್ನು ಪ್ರತಿಷ್ಠಿಸಿದನು, ಕಲ್ಯಾಣದ ಶರಣರೊಡನೆ ಬೆರೆತು ಕನ್ನಡದಲ್ಲಿ ವಚನಗಳನ್ನು ನುಡಿದನು. ಹದಿಮೂರನೆಯ ಶತಮಾನದ ಆದಿಭಾಗದಲ್ಲಿ ಹಂಪೆಯ ರಾಘವಾಂಕನು ‘ಸಿದ್ಧರಾಮ ಚಾರಿತ್ರ’ವನ್ನು ಬರೆದನು. ಸೊಲ್ಲಾಪುರದ ಕೆರೆಯ ನಡುವಿರುವ ಗುಡಿಯ ಆವರಣದಲ್ಲಿ ಯೋಗಿಯ ಸಮಾಧಿಯಿದೆ. ಎಂಟು ನೂರು ವರ್ಷಗಳಿಗೂ ಮಿಕ್ಕಿ ಆ ನೆನಪು ಉಳಿದು ಬಂದದ್ದು ಹೇಗೆ? ಕಾವ್ಯವನ್ನೋದಿದವರು ಎಷ್ಟು ಜನ? ಸಮಾಧಿಯ ದರ್ಶನ ಪಡೆದವರೆಲ್ಲರೂ ಅವನ ವಚನಗಳನ್ನು ಬಲ್ಲರೆ? ಅಲ್ಲವೆಂದೇ ಹೇಳಬೇಕಾಗುತ್ತದೆ. ಆ ನೆನಪನ್ನು ಹೊತ್ತು ತಂದದ್ದು ಸಂಕ್ರಾಂತಿಯ ಜಾತ್ರೆ, ಜನರು ಗಡ್ಡಾಯಾತ್ರೆಯೆಂದು ಕರೆಯುವ ಮಹೋತ್ಸವ. ‘ಹೊತ್ತು ತಂದದ್ದು’ ಎಂಬುದು ಇಲ್ಲಿ ಅಲಂಕಾರದ ಮಾತಲ್ಲ. ಎತ್ತರವಾದ ಏಳು ನಂದೀಧ್ವಜಗಳನ್ನು ಜನರು ಸೊಂಟಕ್ಕೆ ಆನಿಸಿ, ತೋಳಿನಿಂದ ಹಿಡಿದು, ನಗರದ ಬೀದಿಬೀದಿಗಳಲ್ಲಿ ನಿಜವಾಗಿ ಹೊರುತ್ತಾರೆ.

ಈ ಜಾತ್ರೆಯ ಹಿಂದೆ ಒಂದು ಜನಪದ ಕಥೆಯಿದೆ. ಕುಂಬಾರನ ಮಗಳೊಬ್ಬಳು ದಿನವೂ ಸಿದ್ಧರಾಮನ ಅಂಗಳವನ್ನು ಗುಡಿಸಿ, ಸಾರಿಸಿ, ರಂಗವಲ್ಲಿ ಹಾಕುತ್ತಿದ್ದಳಂತೆ. ಅವನನ್ನೇ ವರಿಸಬೇಕೆಂಬ ಆಸೆ ಅವಳಲ್ಲಿ ಮೂಡಿತು. ತಾನು ಶಿವನಿಗೆ ಸಂದವನೆಂದು ಯೋಗಿಯು ಹೇಳಿದನು. ಕೊನೆಗೆ ತನ್ನ ಯೋಗದಂಡದೊಡನೆ ವಿವಾಹವಾಗಲು ಒಪ್ಪಿದನು. ಯೋಗದಂಡದೊಡನೆ ಅವಳ ಮದುವೆಯಾಯಿತು. ಮರುದಿನ ಅವಳು ಹೋಮಾಗ್ನಿಯನ್ನು ಪ್ರವೇಶಿಸಿದಳು. ಕಥೆಯನ್ನು ಚರಿತ್ರೆಯೆಂದು ಒಪ್ಪುವುದೂ ಬಿಡುವುದೂ ಅವರವರಿಗೆ ಸೇರಿದ್ದು. ಆದರೆ ಜಾತ್ರೆಯ ಕ್ರಮವೆಲ್ಲ ಈ ಕಥೆಯನ್ನೇ ಅನುಸರಿಸಿ ನಡೆಯುತ್ತದೆ. ಮೊದಲು ಊರಿನ ಸುತ್ತಲಿರುವ ಅರವತ್ತೆಂಟು ಲಿಂಗಗಳಿಗೆ ತೈಲಾಭಿಷೇಕ. ಮರುದಿನ ಸಮ್ಮತಿ ಕಟ್ಟೆಯ ಬಳಿ ಸಮ್ಮತಿಯ ಓದು. ನೆರೆದ ಜನಸ್ತೋಮವು ಅಕ್ಷತೆ ಎರಚಿದಾಗ ಮದುವೆ ಸಾಂಗವಾಗುತ್ತದೆ. ಅದರ ಮರುದಿನ ಹೋಮದ ಮೈದಾನದಲ್ಲಿ ದಂಟಿನ ಸೂಡನ್ನು ಕುಂಬಾರ ಕನ್ಯೆಯೆಂದು ಭಾವಿಸಿ, ಮದುವಣಗಿತ್ತಿಯಂತೆ ಸಿಂಗರಿಸಿ, ಅಗ್ನಿಗೆ ಒಪ್ಪಿಸುತ್ತಾರೆ. ಆಮೇಲೆ ಮದ್ದಿನ ಶೋಭೆ. ಕೊನೆಯ ದಿನ ನಂದೀಧ್ವಜಗಳ ವಸ್ತ್ರಗಳನ್ನು ಇಳಿಸುವ ವಿಧಿ.

ಸಿದ್ಧರಾಮನ ಹೆಸರಿನ ಉತ್ಸವದಲ್ಲಿ ಅರ್ಧ ಭಾಗವು ಅಂಗಳ ಗುಡಿಸಿದ ಹುಡುಗಿಯೊಬ್ಬಳ ಸ್ಮರಣೆಯಾಗಿದೆ ಎಂಬುದನ್ನು ನಾವು ಎಷ್ಟು ಸಲ ಯೋಚಿಸಿದ್ದೇವೆ? ಅವಳು ಕಾವ್ಯ ಬರೆಯಲಿಲ್ಲ, ಕೆರೆ ಕಟ್ಟಿಸಲಿಲ್ಲ. ಜನರ ಬಾಯಲ್ಲಿ ಅವಳು ಇಂದಿಗೂ ‘ಕುಂಬಾರ ಕನ್ಯೆ’ಯೇ. ಆದರೂ ಪ್ರತಿವರ್ಷ ಅವಳ ಮದುವೆಗೆ ಲಕ್ಷಾಂತರ ಜನರು ಅಕ್ಷತೆ ಹಿಡಿದು ಬರುತ್ತಾರೆ. ಮರುದಿನ ಅವಳ ಸಾವಿಗೆ ಸಾಕ್ಷಿಯಾಗುತ್ತಾರೆ. ಹೆಣ್ಣೊಬ್ಬಳು ಅಗ್ನಿಗೆ ಆಹುತಿಯಾಗುವುದನ್ನು ಇಂದಿನ ನಮ್ಮ ಮನಸ್ಸು ಪುಣ್ಯವೆಂದು ಕೊಂಡಾಡಲಾರದು, ಕೊಂಡಾಡಲೂ ಬಾರದು. ಆದರೆ ಅವಳನ್ನು ಮರೆಯದೆ ಇದ್ದುದಕ್ಕಾಗಿ ಆ ಊರಿಗೆ ಕೈಮುಗಿಯಬೇಕು.

ಈಗ ಈ ಸ್ಮರಣೆಯ ಯಂತ್ರವನ್ನು ಸ್ವಲ್ಪ ಬಿಚ್ಚಿ ನೋಡೋಣ. ಏಳು ನಂದೀಧ್ವಜಗಳಿಗೂ ಬೇರೆಬೇರೆ ಮಾನಕರಿಗಳಿದ್ದಾರೆ. ಮೊದಲನೆಯದು ಹಿರೇಹಬ್ಬು ಮನೆತನದ್ದು. ಉತ್ತರ ಕಸಬೆಯಲ್ಲಿರುವ ಅವರ ವಾಡೆಯಿಂದಲೇ ಮೆರವಣಿಗೆ ಹೊರಡುತ್ತದೆ. ಉಳಿದವುಗಳ ಮಾನವು ಬೇರೆ ಮನೆತನಗಳಿಗೂ ಸಮಾಜಗಳಿಗೂ ಹಂಚಿಹೋಗಿದೆ. ಧ್ವಜ ಹೊರುವವನು ಬಿಳಿಯ ಬಾರಾಬಂದಿ ತೊಡಬೇಕು. ಹೊರುವ ಕಸುವೂ ಸಮತೋಲವೂ ಒಂದು ದಿನದಲ್ಲಿ ಬರತಕ್ಕವಲ್ಲ. ಹಿರಿಯರಿಂದ ಕಿರಿಯರು ಕಲಿಯಬೇಕು. ಹೀಗೆ ಒಂದೊಂದು ಕೆಲಸಕ್ಕೂ ಒಂದೊಂದು ಮನೆ ಹೊಣೆಯಾಗಿದೆ. ತಂದೆಯ ತೋಳು ಸೋತಾಗ ಮಗನ ತೋಳು ಸಿದ್ಧವಾಗಿರುತ್ತದೆ. ಆತಕೂರಿನ ಗೊರವನ ಮೇಲಿದ್ದ ಕಟ್ಟಳೆಯೇ ಇಲ್ಲಿ ಒಂದು ನಗರದ ಮೇಲೆ ಹರಡಿಕೊಂಡಿದೆ. ಭಯದ ಸ್ಥಾನದಲ್ಲಿ ಇಲ್ಲಿ ಮಾನವಿದೆ, ಅಷ್ಟೇ ಭೇದ.

ಇನ್ನೊಂದು ಸಂಗತಿಯು ಕನ್ನಡಿಗರಾದ ನಮಗೆ ವಿಶೇಷವಾಗಿ ಮನನೀಯವಾಗಿದೆ. ಇಂದು ಸೊಲ್ಲಾಪುರದ ಬೀದಿಗಳಲ್ಲಿ ಮರಾಠಿಯೇ ಪ್ರಬಲ. ತೆಲುಗು, ಉರ್ದು, ಕನ್ನಡಗಳೂ ಕೇಳಿಬರುತ್ತವೆ. ಆದರೆ ಜಾತ್ರೆಯ ಮಾತುಗಳನ್ನು ಲಕ್ಷ್ಯವಿಟ್ಟು ಆಲಿಸಿರಿ. ತೈಲಾಭಿಷೇಕದ ದಿನವನ್ನು ಮರಾಠಿ ಪತ್ರಿಕೆಗಳು ಕೂಡ ‘ಯಣ್ಣಿಮಜ್ಜನ’ವೆಂದೇ ಬರೆಯುತ್ತವೆ. ಅದು ನಮ್ಮ ಎಣ್ಣೆಮಜ್ಜನವಲ್ಲದೆ ಮತ್ತೇನು? ಕೊನೆಯ ದಿನದ ವಿಧಿಯನ್ನು ‘ಕಪ್ಪಡಕಳ್ಳಿ’ ಎನ್ನುತ್ತಾರೆ. ಕಪ್ಪಡವೆಂದರೆ ಬಟ್ಟೆ, ಕಳೆಯುವುದೆಂದರೆ ತೆಗೆಯುವುದು. ಅರ್ಥವು ನಮ್ಮ ಮನೆಯ ಮಗುವಿಗೂ ತಿಳಿಯುತ್ತದೆ. ‘ಹಿರೇಹಬ್ಬು’ ಎಂಬ ಹೆಸರಿನ ‘ಹಿರೇ’ ಎಂಬುದನ್ನು ವಿವರಿಸಬೇಕಾಗಿಯೇ ಇಲ್ಲ. ಕನ್ನಡ ಬಾರದ ಮನೆಗಳಲ್ಲಿಯೂ ಈ ಕನ್ನಡ ಮಾತುಗಳು ಬದುಕಿವೆ. ಯಾವ ಶಾಲೆಯೂ ಕಲಿಸದೆ, ಯಾವ ಆಜ್ಞೆಯೂ ವಿಧಿಸದೆ ಅವು ಉಳಿದದ್ದು, ವರ್ಷಕ್ಕೊಮ್ಮೆ ಮಾಡಲೇಬೇಕಾದ ಕೆಲಸದೊಡನೆ ಅವು ಹೆಣೆದುಕೊಂಡಿದ್ದರಿಂದ. ನೆನಪು ಭಾಷೆಯನ್ನು ಕಾಯ್ದಿತು. ಭಾಷೆ ನೆನಪನ್ನು ಕಾಯ್ದಿತು.

ಇದೇ ತತ್ತ್ವವನ್ನು ಭೀಮೆಯ ತೀರದ ಮೊಹರಮ್ ಹಬ್ಬದಲ್ಲಿಯೂ ಕಾಣಬಹುದು. ಕ್ರಿ. ಶ. ೬೮೦ರಲ್ಲಿ ದೂರದ ಕರ್ಬಲಾ ಬಯಲಿನಲ್ಲಿ ಇಮಾಮ ಹುಸೇನರು ತಮ್ಮ ಬಂಧುಬಾಂಧವರೊಡನೆ ಮಡಿದರು. ಆ ದುಃಖವನ್ನು ವಿಜಯಪುರ, ಕಲಬುರ್ಗಿ ಸೀಮೆಯ ಹಳ್ಳಿಗಳು ಅಪ್ಪಟ ಕನ್ನಡದ ರಿವಾಯತ ಪದಗಳಲ್ಲಿ ಹಾಡುತ್ತಾ ಬಂದಿವೆ. ಹಾಡುವವರಲ್ಲಿ ಮುಸಲ್ಮಾನರೂ ಹಿಂದೂಗಳೂ ಇದ್ದಾರೆ. ಆಲಾಯಿಯ ಕುಣಿ ತೆಗೆಯುವವರು, ಡೋಲಿ ಹೊರುವವರು, ಹೆಜ್ಜೆ ಹಾಕುವವರು, ಪದ ಕಟ್ಟುವವರು ಎಂದು ಊರೆಲ್ಲ ಹೊಣೆಯನ್ನು ಹಂಚಿಕೊಳ್ಳುತ್ತದೆ. ಮರುಭೂಮಿಯಲ್ಲಿ ಮಡಿದವರಿಗಾಗಿ ಜೋಳದ ಹೊಲದ ನಡುವಿನ ಹಳ್ಳಿ ಅಳುತ್ತದೆ. ದೇಶ, ಕಾಲ, ಮತಗಳ ಅಂತರವು ಕೆಲಸದ ಮುಂದೆ ಕರಗಿಹೋಗುತ್ತದೆ ಎಂಬುದಕ್ಕೆ ಇದಕ್ಕಿಂತ ಬೇರೆ ಪ್ರಮಾಣ ಬೇಕೆ? ನಮ್ಮ ತಾಲೂಕಿನ ಕೇಂದ್ರವಾದ ಅಕ್ಕಲಕೋಟೆಯಲ್ಲಿಯೂ ಸ್ವಾಮಿ ಸಮರ್ಥರ ಸ್ಮರಣೆ ಇದೇ ಬಗೆಯದು. ೧೮೭೮ರಲ್ಲಿ ಅವರು ಸಮಾಧಿಸ್ಥರಾದ ಚೈತ್ರ ಬಹುಳ ತ್ರಯೋದಶಿಯನ್ನು ಭಕ್ತರು ಪಂಚಾಂಗದಲ್ಲಿ ಗುರುತಿಟ್ಟು ಕಾಯುತ್ತಾರೆ. ತಿಥಿ ಬಂದಿತೆಂದರೆ ಕೆಲಸ ಬಂದಿತು; ಕೆಲಸ ಬಂದಿತೆಂದರೆ ನೆನಪು ಬಂದಿತು.

ಇಷ್ಟನ್ನು ಪೀಠಿಕೆಯಾಗಿ ಹೇಳಿದುದು, ನಮ್ಮ ಸೀಮೆಯ ಇನ್ನೊಂದು ಮರಣವನ್ನು, ಇತ್ತೀಚಿನ ಹಾಗೂ ಇನ್ನೂ ಬಿಸಿಯಾರದ ಮರಣವನ್ನು, ಈ ಒರೆಗಲ್ಲಿಗೆ ಹಚ್ಚಿ ನೋಡಬೇಕೆಂಬ ಉದ್ದೇಶದಿಂದ. ೧೯೩೦ರ ಮೇ ತಿಂಗಳು. ಉಪ್ಪಿನ ಸತ್ಯಾಗ್ರಹದ ಕಾಲ. ಮಹಾತ್ಮಾ ಗಾಂಧಿಯವರನ್ನು ಸರಕಾರವು ಬಂಧಿಸಿದ ಸುದ್ದಿ ಮೇ ೫ರಂದು ದೇಶದಲ್ಲೆಲ್ಲ ಹಬ್ಬಿತು. ಗಿರಣಿಗಳ ನಗರವಾದ ಸೊಲ್ಲಾಪುರದಲ್ಲಿ ಕೆಲಸಗಾರರು ಗಿರಣಿಗಳನ್ನು ಬಿಟ್ಟು ಬೀದಿಗಿಳಿದರು. ಮೇ ೮ರಂದು ಪೊಲೀಸರು ಗುಂಡು ಹಾರಿಸಿದರು. ಶಂಕರ ಶಿವದಾರೆ ಎಂಬ ತರುಣನು ಬಲಿಯಾದನು. ಕೆರಳಿದ ಜನರು ಪೊಲೀಸು ಚೌಕಿಗೂ ನ್ಯಾಯಾಲಯದ ಕಟ್ಟಡಕ್ಕೂ ಬೆಂಕಿಯಿಟ್ಟರು, ಪೊಲೀಸರೂ ಸತ್ತರು. ಕೆಲವು ದಿನಗಳವರೆಗೆ ಬ್ರಿಟಿಷ್ ಅಧಿಕಾರವೇ ನಗರದಲ್ಲಿ ಇಲ್ಲದಂತಾಯಿತು. ಮೇ ೧೨ರಂದು ಸರಕಾರವು ಸೊಲ್ಲಾಪುರದಲ್ಲಿ ಲಷ್ಕರೀ ಕಾಯದೆಯನ್ನು ಸಾರಿತು. ಜೂನ್ ೩೦ರವರೆಗೆ ನಗರವು ಸೈನಿಕರ ಕೈಯಲ್ಲಿತ್ತು.

ಪೊಲೀಸರ ಕೊಲೆಯ ಆರೋಪದ ಮೇಲೆ ನಾಲ್ವರಿಗೆ ಮರಣದಂಡನೆಯಾಯಿತು: ಮಲ್ಲಪ್ಪ ಧನಶೆಟ್ಟಿ, ಕುರ್ಬಾನ ಹುಸೇನ, ಶ್ರೀಕಿಸನ ಸಾರಡಾ, ಜಗನ್ನಾಥ ಶಿಂದೆ. ಕುರ್ಬಾನ ಹುಸೇನರು ‘ಗಜನಫರ್’ ಎಂಬ ಪತ್ರಿಕೆಯನ್ನು ನಡೆಸುತ್ತಿದ್ದ ತರುಣರು. ಧನಶೆಟ್ಟಿ ಎಂಬುದು ನಮ್ಮ ಸೀಮೆಯ ವೀರಶೈವ ಮನೆತನಗಳ ಹೆಸರೆಂಬುದನ್ನು ಯಾರಿಗೂ ಹೇಳಬೇಕಾಗಿಲ್ಲ. ಸೊಲ್ಲಾಪುರದ ನಾಲ್ಕು ಓಣಿಗಳಿಂದ ಒಬ್ಬೊಬ್ಬರನ್ನು ಆಯ್ದು ತೆಗೆದಂತೆ ಇತ್ತು ಆ ನಾಲ್ವರ ಕೂಟ. ೧೯೩೧ರ ಜನವರಿ ೧೨ರಂದು, ಪುಣೆಯ ಯರವಡೆಯ ಸೆರೆಮನೆಯಲ್ಲಿ, ತಮ್ಮ ಊರಿನಿಂದ ದೂರದಲ್ಲಿ, ನಾಲ್ವರನ್ನೂ ಗಲ್ಲಿಗೇರಿಸಿದರು.

ದಿನಾಂಕವನ್ನು ಮತ್ತೊಮ್ಮೆ ನೋಡಿರಿ. ಜನವರಿ ೧೨ ಎಂದರೆ ಸಂಕ್ರಾಂತಿಯ ಹೊಸ್ತಿಲು. ಸೊಲ್ಲಾಪುರದಲ್ಲಿ ಸಿದ್ಧರಾಮನ ಜಾತ್ರೆಗೆ ನಂದೀಧ್ವಜಗಳು ಸಿಂಗಾರಗೊಳ್ಳುವ ದಿನಗಳು. ಎಳ್ಳು ಹುರಿಯುವ, ಭೋಗಿಯ ರೊಟ್ಟಿ ತಟ್ಟುವ ದಿನಗಳು. ಸರಕಾರದ ಗಣನೆಯಲ್ಲಿ ಅದು ಬರಿಯ ಒಂದು ತಾರೀಖಾಗಿದ್ದಿತು. ಆದರೆ ಊರಿನ ಪಾಲಿಗೆ ವರ್ಷದ ಅತ್ಯಂತ ದೊಡ್ಡ ಹಬ್ಬದ ಬಾಗಿಲಲ್ಲಿ ನಾಲ್ಕು ಹೆಣಗಳನ್ನು ಇಟ್ಟಂತಾಯಿತು. ಅಂದಿನಿಂದ ಸೊಲ್ಲಾಪುರದ ಜನವರಿಯಲ್ಲಿ ಎರಡು ಸ್ಮರಣೆಗಳು ಒಂದರ ಪಕ್ಕದಲ್ಲಿ ಒಂದು ನಿಂತಿವೆ. ಒಂದು, ಎಂಟು ಶತಮಾನಗಳದು; ಇನ್ನೊಂದು, ಇನ್ನೂ ಒಂದು ಶತಮಾನವನ್ನು ತುಂಬದಿರುವಂಥದು.

ಸ್ವಾತಂತ್ರ್ಯ ಬಂದ ಮೇಲೆ ಈ ನಾಲ್ವರನ್ನು ಊರು ಮರೆಯಲಿಲ್ಲ. ನಗರದ ಮಧ್ಯದಲ್ಲಿ ನಾಲ್ವರ ಪ್ರತಿಮೆಗಳು ಒಟ್ಟಾಗಿ ನಿಂತಿವೆ. ಅವರ ನೆನಪಿಗಾಗಿ ಕಟ್ಟಿದ ‘ಹುತಾತ್ಮ ಸ್ಮೃತಿ ಮಂದಿರ’ದಲ್ಲಿ ನಾಟಕಗಳೂ ಸಭೆಗಳೂ ನಡೆಯುತ್ತವೆ. ಜನವರಿ ೧೨ರಂದು ಪ್ರತಿಮೆಗಳಿಗೆ ಹಾರ ಬೀಳುತ್ತದೆ. ಇವೆಲ್ಲವೂ ಸ್ತುತ್ಯವಾದವು. ಆದರೆ ಎರಡು ಸ್ಮರಣೆಗಳನ್ನು ಹೋಲಿಸಿದಾಗ ಒಂದು ಭೇದವು ಎದ್ದು ಕಾಣುತ್ತದೆ. ಜಾತ್ರೆಯಲ್ಲಿ ಧ್ವಜ ಹೊರುವವನಿಗೆ ಅದು ತನ್ನ ಮನೆಯ ಕೆಲಸ. ಅದು ತಪ್ಪಿದರೆ ಮನೆತನದ ಮಾನ ಹೋಯಿತು. ಪ್ರತಿಮೆಗೆ ಹಾರ ಹಾಕುವುದು ಆಯಾ ವರ್ಷದ ಅಧಿಕಾರಿಗಳ, ಮುಂದಾಳುಗಳ ಕೆಲಸ. ಅವರು ಹಾಕುತ್ತಾರೆ, ನಾವು ನೋಡುತ್ತೇವೆ. ಬಸ್ಸು ಹಿಡಿಯಲು ಅವಸರದಿಂದ ಹೋಗುವವನಿಗೆ ಆ ನಾಲ್ವರಲ್ಲಿ ಯಾರು ಧನಶೆಟ್ಟಿ, ಯಾರು ಶಿಂದೆ ಎಂದು ತಿಳಿದಿದೆಯೆ? ನಮ್ಮ ಕನ್ನಡ ಶಾಲೆಯ ಮಗುವನ್ನು ಕೇಳಿದರೆ ಆ ನಾಲ್ಕು ಹೆಸರುಗಳನ್ನು ಹೇಳೀತೆ? ಕಲ್ಲು ಇದೆ, ಮಂದಿರವಿದೆ, ದಿನಾಂಕವೂ ಇದೆ. ಆತಕೂರಿನವರು ಬರೆಸಿದ ಆ ಕಡೆಯ ಕಟ್ಟಳೆ, ‘ಇದು ಇಂಥವನ ಹೊಣೆ’ ಎಂಬ ಮಾತು, ಇಲ್ಲಿ ನಮ್ಮ ಪಾಲಿಗೆ ಇನ್ನೂ ಬರೆಯಲ್ಪಟ್ಟಿಲ್ಲ.

ಹೊಣೆಯನ್ನು ಯಾರೂ ಒಪ್ಪಿಸದಿದ್ದರೂ ತಾವಾಗಿಯೇ ಎತ್ತಿಕೊಂಡವರು ನಮ್ಮಲ್ಲಿಯೇ ಇದ್ದರು ಎಂಬುದು ಸಮಾಧಾನದ ಸಂಗತಿ. ೧೯೧೨ರಲ್ಲಿ ಸೊಲ್ಲಾಪುರದಲ್ಲಿ ಜನಿಸಿದ ಜಯದೇವಿತಾಯಿ ಲಿಗಾಡೆಯವರನ್ನು ಇಲ್ಲಿ ನೆನೆಯಬೇಕು. ಅವರು ಕಲಿತ ಶಾಲೆ ಮರಾಠಿಯದು, ಮನೆಮಾತು ಕನ್ನಡ. ಮನೆಯ ಮಾತನ್ನೇ ಬರೆವಣಿಗೆಯ ಮಾತಾಗಿ ಮಾಡಿಕೊಳ್ಳಲು ಅವರು ಸ್ವಂತ ಪ್ರಯತ್ನದಿಂದ ಅಭ್ಯಾಸ ಮಾಡಿದರು. ಕನ್ನಡದಲ್ಲಿಯೂ ಮರಾಠಿಯಲ್ಲಿಯೂ ಗ್ರಂಥಗಳನ್ನು ರಚಿಸಿದರು. ಅವರ ‘ಸಿದ್ಧರಾಮ ಪುರಾಣ’ವು, ಸೊನ್ನಲಿಗೆಯ ಯೋಗಿಗೆ ಸೊನ್ನಲಿಗೆಯ ಹೆಣ್ಣುಮಗಳೊಬ್ಬಳು ಹೊತ್ತ ಇನ್ನೊಂದು ನಂದೀಧ್ವಜವೆಂದರೆ ತಪ್ಪಾಗದು. ೧೯೭೪ರಲ್ಲಿ ಮಂಡ್ಯದಲ್ಲಿ ನೆರೆದ ಕನ್ನಡ ಸಾಹಿತ್ಯ ಸಮ್ಮೇಳನದ ಅಧ್ಯಕ್ಷತೆಯನ್ನು ಅವರು ವಹಿಸಿದರು. ಆ ಪೀಠವನ್ನೇರಿದ ಮಹಿಳೆಯರಲ್ಲಿ ಅವರೇ ಮೊದಲಿಗರು. ಆ ಗೌರವವು ಬೆಂಗಳೂರಿಗೋ ಮೈಸೂರಿಗೋ ಧಾರವಾಡಕ್ಕೋ ಸಲ್ಲದೆ, ಗಡಿಯಾಚೆಯ ಸೊಲ್ಲಾಪುರದ ಮಗಳಿಗೆ ಸಂದಿತು. ೧೯೮೬ರಲ್ಲಿ ಅವರು ಲಿಂಗೈಕ್ಯರಾದರು. ಎಂಟು ನೂರು ವರ್ಷದ ಹಿಂದಿನವನನ್ನು ನೆನೆಯುವುದಕ್ಕಾಗಿ ಬಾಳನ್ನು ಸವೆಸಿದ ಆ ತಾಯಿಯನ್ನು ನೆನೆಯುವ ಸರದಿ ಈಗ ಯಾರದು? ಲೇಖಕರಿಗೆ ಪ್ರತಿಮೆಗಿಂತ ಓದುಗರು ಮೇಲು. ನಮ್ಮ ಮನೆಗಳಲ್ಲಿ ಅವರ ಪುಸ್ತಕವೊಂದನ್ನು ಮಗುವೊಂದು ಗಟ್ಟಿಯಾಗಿ ಓದಿದ ಸಂಜೆಯೇ ಅವರ ಪುಣ್ಯತಿಥಿ.

ದೊಡ್ಡವರ ಮಾತು ಹಾಗಿರಲಿ. ಪ್ರತಿಮೆಯಾಗದೆ, ಪುಸ್ತಕವಾಗದೆ ಹೋದವರ ಗತಿಯೇನು? ನಮ್ಮ ಮನೆಗಳು ಇದಕ್ಕೂ ಒಂದು ಉಪಾಯವನ್ನು ಹೂಡಿವೆ. ಅಜ್ಜನ ಹೆಸರನ್ನು ಮೊಮ್ಮಗನಿಗೆ, ಅಜ್ಜಿಯ ಹೆಸರನ್ನು ಮೊಮ್ಮಗಳಿಗೆ ಇಡುವುದು ಉತ್ತರ ಕರ್ನಾಟಕದಲ್ಲೆಲ್ಲ ರೂಢಿ. ಮಾವನ ಹೆಸರು ಮಗನಿಗೆ ಬಂದಿದ್ದರೆ ಸೊಸೆಯು ಆ ಹೆಸರಿನಿಂದ ಮಗುವನ್ನು ಗದರಿಸಲು ಹಿಂಜರಿಯುತ್ತಾಳೆ. ‘ಅಪ್ಪಾ’, ‘ಅಣ್ಣಪ್ಪಾ’ ಎಂದು ಬೇರೊಂದು ಹೆಸರಿನಿಂದ ಕರೆಯುತ್ತಾಳೆ. ದಿನಕ್ಕೆ ಹತ್ತು ಸಲ ತೊಡರುವ ಆ ಒಂದು ಹಿಂಜರಿಕೆಯಲ್ಲಿ ಸತ್ತ ಹಿರಿಯನು ಮನೆಯಲ್ಲಿ ಓಡಾಡುತ್ತಿರುತ್ತಾನೆ. ಬೀಸುವ ಕಲ್ಲಿನ ಮುಂದೆ ಕುಳಿತ ಹೆಣ್ಣುಮಗಳು ಹಡೆದವ್ವನನ್ನು ಹಾಡಿ ನೆನೆಯುತ್ತಿದ್ದುದೂ ಇಂತಹ ನಿತ್ಯಸ್ಮರಣೆಯೇ. ಹಿಟ್ಟಿನ ಗಿರಣಿ ಬಂದಿತು, ಬೀಸುಕಲ್ಲು ಮೂಲೆಗೆ ಸೇರಿತು, ಹಾಡೂ ಅದರೊಡನೆ ಮೂಲೆಗೆ ಸೇರಿತು. ಹಾಡನ್ನು ಯಾರೂ ನಿಷೇಧಿಸಲಿಲ್ಲ. ಅದು ಆತುಕೊಂಡಿದ್ದ ಕೆಲಸವು ನಿಂತುಹೋಯಿತು, ಅಷ್ಟೆ. ಕೆಲಸ ನಿಂತಲ್ಲಿ ನೆನಪು ನಿಲ್ಲುವುದಿಲ್ಲ ಎಂಬುದಕ್ಕೆ ಇದು ನಮ್ಮ ಕಣ್ಣೆದುರಿನ ಸಾಕ್ಷಿ.

ಆದುದರಿಂದ ಹಳೆಯ ಕೆಲಸ ನಿಂತಾಗ ಹೊಸ ಕೆಲಸವನ್ನು ಕಲ್ಪಿಸಿಕೊಡುವುದು ಸಂಘಸಂಸ್ಥೆಗಳ ಧರ್ಮವಾಗುತ್ತದೆ. ಕನ್ನಡ ಸಂಘವೊಂದು ವಾರ್ಷಿಕೋತ್ಸವವನ್ನು ಆಚರಿಸುವಾಗ ಅಗಲಿದವರಿಗಾಗಿ ಒಂದು ನಿಮಿಷ ಎದ್ದು ನಿಲ್ಲುವುದುಂಟು. ಅದು ಉಚಿತವೇ. ಆದರೆ ಒಂದು ನಿಮಿಷದ ಮೌನಕ್ಕಿಂತ ಒಂದು ತಾಸಿನ ಮಾತು ಹೆಚ್ಚು ಕಾಲ ನಿಲ್ಲುತ್ತದೆ. ಪ್ರತಿಯೊಂದು ಊರಿನಲ್ಲಿಯೂ ಒಂದು ದಪ್ಪ ವಹಿಯನ್ನು ಇಡೋಣ. ಊರಿಗೆ ಅಕ್ಷರ ಕಲಿಸಿದ ಮಾಸ್ತರರು, ಬಾಣಂತಿಯರನ್ನು ಬದುಕಿಸಿದ ಸೂಲಗಿತ್ತಿಯರು, ಭಜನೆಯ ಮೇಳವನ್ನು ಕಟ್ಟಿದವರು, ಬರಗಾಲದಲ್ಲಿ ಹಗೇವಿನ ಬಾಯಿ ತೆರೆದು ನೆರೆಯವರಿಗೆ ಜೋಳ ಅಳೆದವರು, ಇಂಥವರು ತೀರಿಕೊಂಡಾಗ ಅವರ ಹೆಸರು, ಅವರು ಮಾಡಿದ ಕೆಲಸ, ಅವರಾಡುತ್ತಿದ್ದ ಒಂದು ಮಾತು ಇಷ್ಟನ್ನು ಆ ವಹಿಯಲ್ಲಿ ಕನ್ನಡದಲ್ಲಿ ಬರೆಯೋಣ. ಬರೆಯುವ ಹೊಣೆ ಕನ್ನಡ ಶಾಲೆಯ ಹಿರಿಯ ತರಗತಿಯ ಮಕ್ಕಳದಾಗಲಿ. ಮಗುವು ಆ ಮನೆಗೆ ಹೋಗಿ ‘ಅಮ್ಮಾ, ನಿಮ್ಮ ಮಾವನವರು ಹ್ಯಾಂಗ ಇದ್ದರು, ಹೇಳ್ರಿ’ ಎಂದು ಕೇಳಿ, ಕೇಳಿದ್ದನ್ನು ಬರೆದುಕೊಳ್ಳಲಿ. ವರ್ಷಕ್ಕೊಮ್ಮೆ ಸಂಕ್ರಾಂತಿಯ ವಾರದಲ್ಲಿ ಆ ವಹಿಯನ್ನು ಊರಿನ ಮುಂದೆ ಓದಲಿ. ಓದಿನ ಆರಂಭದಲ್ಲಿ ಮಲ್ಲಪ್ಪ ಧನಶೆಟ್ಟಿ, ಕುರ್ಬಾನ ಹುಸೇನ, ಶ್ರೀಕಿಸನ ಸಾರಡಾ, ಜಗನ್ನಾಥ ಶಿಂದೆ ಎಂಬ ನಾಲ್ಕು ಹೆಸರುಗಳು ಬರಲಿ.

ಇದಕ್ಕೆ ದುಡ್ಡು ಬೇಕಾಗಿಲ್ಲ, ಸರಕಾರದ ಅಪ್ಪಣೆ ಬೇಕಾಗಿಲ್ಲ. ಯಾರ ವಿರುದ್ಧವಾಗಿಯೂ ಮಾಡತಕ್ಕದ್ದಲ್ಲ. ಮರಾಠಿ ನೆರೆಯವರ ಹಿರಿಯರ ಹೆಸರುಗಳೂ ಆ ವಹಿಯಲ್ಲಿ ಇರತಕ್ಕವೇ. ಯರವಡೆಯಲ್ಲಿ ಒಟ್ಟಿಗೆ ಸತ್ತ ನಾಲ್ವರನ್ನು ನಾವು ಬೇರೆ ಮಾಡಿ ನೆನೆಯುವುದು ಹೇಗೆ? ಬೇಕಾದದ್ದು ಒಂದು ನಿಶ್ಚಯ ಮಾತ್ರ: ಈ ವರ್ಷ ಇದು ಯಾರ ಪಾಳಿ, ಬರುವ ವರ್ಷ ಯಾರ ಪಾಳಿ ಎಂಬ ನಿಶ್ಚಯ.

ಕನ್ನಡ ಶಾಲೆಗೆ ಮಕ್ಕಳನ್ನು ಕಳುಹಿಸುವ ತಂದೆತಾಯಿಗಳನ್ನು ಜನರು ‘ಇದರಿಂದ ಪ್ರಯೋಜನವೇನು?’ ಎಂದು ಕೇಳುವುದುಂಟು. ನೌಕರಿಯ ಪ್ರಯೋಜನವನ್ನು ಕುರಿತು ವಾದಿಸುವವರು ವಾದಿಸಲಿ. ನಮ್ಮ ಉತ್ತರದಲ್ಲಿ ಇದೂ ಒಂದಿರಲಿ: ನಮ್ಮ ಅಜ್ಜಂದಿರು ಕನ್ನಡದಲ್ಲಿ ಬಾಳಿದರು, ಕನ್ನಡದಲ್ಲಿ ಕೊನೆಯ ನೀರು ಕೇಳಿದರು. ಅವರನ್ನು ಕುರಿತು ಹೇಳುವ ಮಾತು ಅವರಿಗೆ ತಿಳಿಯುವ ಮಾತಾಗಿರಬೇಕು. ಆ ಮಾತನ್ನು ಆಡಬಲ್ಲ ಮಗುವೊಂದು ಊರಿನಲ್ಲಿ ಇರುವ ತನಕ, ಭೀಮೆಯ ಈ ದಡದಲ್ಲಿ ಮಡಿದವರು ಯಾರೂ ಪೂರ್ತಿಯಾಗಿ ಮಡಿದಿರುವುದಿಲ್ಲ.